ಲೆಪೊಸಾವಾ ಕತ್ತರಿಸಿದ ಉಸಿರು

ಸತ್ತವರು ಉಸಿರಾಡಬಾರದು. ಲೆಪೊಸಾವಾಳ ಕೆಲಸದಲ್ಲಿ ಇದ್ದದ್ದು ಇದೊಂದೇ ಕಾನೂನು. ಉಳಿದ ಕಾನೂನುಗಳನ್ನೆಲ್ಲ ಅವಳು ನಿರ್ದೇಶಕನ ಮುಖ ನೋಡಿ, ಹವೆ ನೋಡಿ, ಆವತ್ತು ತನ್ನ ಸೊಂಟನೋವು ಎಷ್ಟಿದೆ ಎಂದು ನೋಡಿ ಬದಲಾಯಿಸುತ್ತಿದ್ದಳು. ಇದನ್ನು ಮಾತ್ರ ಹದಿನೆಂಟು ವರ್ಷ ಮುರಿಯಲಿಲ್ಲ.

ನಾನು ಝಾಗೋರ್ಕಾ. ಬೆಲ್‌ಗ್ರೇಡಿನ ಗುಡ್ಡದ ಮೇಲಿನ ಸ್ಟುಡಿಯೋದಲ್ಲಿ ಅವಳ ಪಕ್ಕದ ಕೋಣೆಯಲ್ಲಿ ಕೂತು ಮೂವತ್ತಮೂರು ವರ್ಷ ನೆಗೆಟಿವ್ ಕತ್ತರಿಸಿದವಳು. ಅವಳು ಸಂಕಲನಕಾರ್ತಿ. ಕೆಲಸದ ಪ್ರತಿಯ ಮೇಲೆ ಎಲ್ಲೆಲ್ಲಿ ಅವಳ ಕತ್ತರಿ ಆಡುತ್ತದೋ ಅಲ್ಲಲ್ಲೇ ನಾನು ಮೂಲ ಫಿಲ್ಮನ್ನೂ ಕತ್ತರಿಸಿ ಅಂಟಿಸಬೇಕು. ಅವಳು ತಪ್ಪಿದರೆ ಇನ್ನೊಂದು ಪ್ರತಿ ತೆಗೆಸಬಹುದು, ನಾನು ತಪ್ಪಿದರೆ ಸಿನಿಮಾವೇ ಹೋಯಿತು. ಇಷ್ಟಾದರೂ ಮಹಿಳಾ ದಿನದಂದು ನಿರ್ದೇಶಕರ ಹೂಗುಚ್ಛ ಹೋಗುತ್ತಿದ್ದದ್ದು ಅವಳ ಕೋಣೆಗೆ. ನನಗೆ ಹೊಟ್ಟೆಕಿಚ್ಚು ಇರಲಿಲ್ಲ ಎಂದರೆ ಶುದ್ಧ ಸುಳ್ಳು. ಬೇಕಾದಷ್ಟಿತ್ತು. ಆದರೆ ಆ ಹೆಂಗಸು ಕೆಲಸ ಮಾಡುವುದನ್ನು ಬಾಗಿಲಲ್ಲಿ ನಿಂತು ನೋಡಿದರೆ ಹೊಟ್ಟೆಕಿಚ್ಚು ಎಲ್ಲಿಗೆ ಹೋಗುತ್ತಿತ್ತೋ ಗೊತ್ತಿಲ್ಲ, ಬಾಯಿ ತೆರೆದುಕೊಂಡು ನಿಂತುಬಿಡುತ್ತಿದ್ದೆ.

ಶಾಬಾತ್ಸ್ ಊರಿನ ದರ್ಜಿಯ ಮಗಳು ಅವಳು. ಯುದ್ಧ ಮುಗಿದ ಮರುವರ್ಷ, ನಲವತ್ತಾರರಲ್ಲಿ, ವಾರ್ತಾಚಿತ್ರದ ಕಚೇರಿಗೆ ಹುಡುಗಿಯರು ಬೇಕೆಂದು ಕರೆದಿದ್ದರು. ನಲವತ್ತು ಮಂದಿ ಸಾಲಾಗಿ ನಿಂತಿದ್ದೆವು. ಸಿನಿಮಾ ಯಾರಿಗೆ ಗೊತ್ತು ಎಂದು ಅವರು ಕೇಳಲೇ ಇಲ್ಲ. ಯಾರಿಗೂ ಗೊತ್ತಿಲ್ಲವೆಂದು ಅವರಿಗೇ ಗೊತ್ತಿತ್ತು. "ಹೊಲಿಗೆ ಯಾರಿಗೆ ಬರುತ್ತೆ?" ಎಂದರು. ಅವಳು ಕೈಯೆತ್ತಿದಳು, ನಾನೂ ಎತ್ತಿದೆ. ನನಗೆ ಒಂದು ಗುಂಡಿ ಹಾಕಲೂ ಬರುತ್ತಿರಲಿಲ್ಲ, ಅದು ಬೇರೆ ವಿಷಯ.

ಫಿಲ್ಮಿಗೆ ಎರಡು ಮೈ. ಒಂದು ನುಣುಪು, ಇನ್ನೊಂದಕ್ಕೆ ಚಿತ್ರ ಹಿಡಿಯುವ ಲೇಪ. ಲೇಪ ಕೆರೆದು ಅಂಟು ಹಾಕಬೇಕು, ತಪ್ಪು ಮೈ ಕೆರೆದರೆ ಜೋಡಣೆ ಕಚ್ಚುವುದಿಲ್ಲ. ನಾವು ದೀಪಕ್ಕೆ ಓರೆಯಾಗಿ ಹಿಡಿದು ಕಣ್ಣು ಕಿರಿದು ಮಾಡುತ್ತಿದ್ದಾಗ ಅವಳು ತುದಿಯನ್ನು ಕೆಳತುಟಿಗೆ ತಾಗಿಸಿ ಹೇಳಿಬಿಡುತ್ತಿದ್ದಳು. ಅಂಟಿದರೆ ಲೇಪ, ಜಾರಿದರೆ ನುಣುಪು. ಇಷ್ಟನ್ನು ಆಮೇಲೆ ನಾವೆಲ್ಲ ಕಲಿತೆವು. ಆದರೆ ಅವಳ ತುಟಿಗೆ ಇನ್ನೂ ಏನೇನೋ ಗೊತ್ತಾಗುತ್ತಿತ್ತು: ಇದು ಹಳೆಯ ಡಬ್ಬದ್ದು, ಇದು ನಿನ್ನೆ ತೊಳೆದದ್ದು, ಇದನ್ನು ತೊಳೆದವನು ಅವಸರದಲ್ಲಿದ್ದ. ಒಂದು ದಿನ ಪರೀಕ್ಷೆ ಮಾಡೋಣವೆಂದು ಕಣ್ಣಿಗೆ ಬಟ್ಟೆ ಕಟ್ಟಿ ಏಳು ತುಂಡು ಕೊಟ್ಟೆ. ಏಳನ್ನೂ ಸರಿಯಾಗಿ ಹೇಳಿದಳು. ಎಂಟನೆಯದಾಗಿ ನನ್ನ ಕಾಲುಚೀಲದ ಅಂಚು ತಾಗಿಸಿದೆ.

"ಝಾಗಾ, ಇದನ್ನ ಒಗೆದು ಎಷ್ಟು ದಿನ ಆಯ್ತೇ?" ಎಂದಳು, ಬಟ್ಟೆ ಬಿಚ್ಚದೆಯೇ.

ಐವತ್ತರ ದಶಕದ ಕೊನೆಗೆ ನಮ್ಮಲ್ಲಿ ಯುದ್ಧದ ಸಿನಿಮಾಗಳ ಸುಗ್ಗಿ. ಅವಕ್ಕೆ ಸೈನ್ಯದಿಂದ ಹುಡುಗರನ್ನು ಕಳಿಸುತ್ತಿದ್ದರು. ಕಡ್ಡಾಯ ಸೇವೆಯಲ್ಲಿದ್ದ ಹತ್ತೊಂಬತ್ತು, ಇಪ್ಪತ್ತು ವಯಸ್ಸಿನ ಪಡ್ಡೆಗಳು. ಬೆಳಿಗ್ಗೆ ಜರ್ಮನ್ ಸಮವಸ್ತ್ರ ತೊಟ್ಟು ಸಾಯುವುದು, ಮಧ್ಯಾಹ್ನ ಹುರುಳಿಕಾಯಿ ಸಾರು ಕುಡಿದು ಜರ್ಮನರ ವಿರುದ್ಧ ಕಾದಾಡಿದ ನಮ್ಮ ಪಾರ್ಟಿಸಾನ್ ಗೆರಿಲ್ಲಾಗಳಾಗಿ ಅದೇ ಗುಡ್ಡ ಇಳಿದು ಬಂದು ತಮ್ಮನ್ನೇ ತಾವು ಕೊಲ್ಲುವುದು. ಜರ್ಮನ್ ಬೂಟು ಗಟ್ಟಿಯೆಂದು ಬೆಳಗಿನ ಪಾಳಿಗೆ ಜಗಳ ಆಡುತ್ತಿದ್ದರಂತೆ. ಸತ್ತ ಮುಖ ಮುಂದಿನ ರೀಲಿನಲ್ಲಿ ಬಾವುಟ ಹಿಡಿದು ಬಾರದಂತೆ ನೋಡಿಕೊಳ್ಳುವುದು ಲೆಪಾಳ, ಲೆಪೊಸಾವಾಳನ್ನು ನಾವು ಕರೆಯುತ್ತಿದ್ದದ್ದೇ ಹಾಗೆ, ತಲೆನೋವು.

"ಗ್ರಾದಿಮಿರ್, ಈ ಹುಡುಗ ಆರನೇ ರೀಲಲ್ಲಿ ಜರ್ಮನ್ ಆಗಿ ಸತ್ತಿದ್ದಾನೆ," ಎಂದಳು ಒಮ್ಮೆ ನಿರ್ದೇಶಕನಿಗೆ.

ಗ್ರಾದಿಮಿರ್ ಒಳ್ಳೆಯ ನಿರ್ದೇಶಕ, ಗಂಟಲು ಮಾತ್ರ ದೊಡ್ಡದು. "ಯಾವ ಹುಡುಗ? ಹೊಗೇಲಿ ಮುನ್ನೂರು ಜನ ಇದ್ದಾರೆ ತಾಯಿ! ನನಗೇ ಕಾಣಲ್ಲ, ನೋಡೋರಿಗೆ ಕಾಣುತ್ತಾ?"

"ಎಡಗಡೆಯಿಂದ ಐದನೆಯವನು. ಅವನ ಕಿವಿ ಮುಂದಕ್ಕೆ ಬಾಗಿದೆ."

ಫಿಲ್ಮಿನ ಆ ಒಂದು ಚೌಕವನ್ನು, ಅಂದರೆ ಫ್ರೇಮನ್ನು, ದೊಡ್ಡದು ಮಾಡಿಸಿ ನೋಡಿದೆವು. ಎಡಗಡೆಯಿಂದ ಐದನೆಯವನು, ಕಿವಿ ಮುಂದಕ್ಕೆ ಬಾಗಿತ್ತು. ಗ್ರಾದಿಮಿರ್ ಎದ್ದು ಬಂದು ಅವಳ ಕೈಗೆ ಮುತ್ತಿಟ್ಟು, ಸಿಗರೇಟು ಹಚ್ಚಲು ಹೊರಗೆ ಹೋದ.

ಆದರೆ ನಾನು ದಂಗಾಗುತ್ತಿದ್ದದ್ದು ಇದಕ್ಕಲ್ಲ, ಉಸಿರಿಗೆ. ಗುಡ್ಡ ಹತ್ತಿ ಓಡಿ ಬಂದು ಬಿದ್ದ ಹುಡುಗ ಎಷ್ಟು ಹೊತ್ತು ತಾನೇ ಉಸಿರು ಹಿಡಿದಾನು? ಸೆಕೆಂಡಿಗೆ ಇಪ್ಪತ್ತನಾಲ್ಕು ಚೌಕ ಓಡುತ್ತವೆ. ಎದೆ ಏಳುವ ಮೊದಲ ಚೌಕವನ್ನು ಅವಳು ಕಂಡುಹಿಡಿದು, ಅದರ ಹಿಂದಿನದಕ್ಕೇ ಕತ್ತರಿ ಹಾಕುತ್ತಿದ್ದಳು. ಭೂತಕನ್ನಡಿ ಹಿಡಿದು ನೋಡಿದರೂ ಎರಡು ಚೌಕಗಳ ನಡುವೆ ನನಗೆ ಏನೂ ವ್ಯತ್ಯಾಸ ಕಾಣುತ್ತಿರಲಿಲ್ಲ. "ಅಂಗಿಯ ಎರಡನೇ ಗುಂಡಿ ನೋಡು," ಎನ್ನುತ್ತಿದ್ದಳು. ಗುಂಡಿ ನೋಡಿದರೆ, ಅಯ್ಯೋ ದೇವರೇ, ಕೂದಲೆಳೆಯಷ್ಟು ಮೇಲೆ ಬಂದಿರುತ್ತಿತ್ತು.

ಅರವತ್ತಮೂರರ ಬೇಸಿಗೆಯಲ್ಲಿ ತೆಗೆದ ಸಿನಿಮಾದಲ್ಲಿ ಒಂದು ಸಾವು ಇತ್ತು. ಒಬ್ಬ ಎಳೆಯ ಜರ್ಮನ್ ಸಿಪಾಯಿ ಹೊಗೆಯೊಳಗಿಂದ ಬರುತ್ತಾನೆ. ಹಿಂದಿನಿಂದ ಯಾರೋ ಹೆಸರು ಹಿಡಿದು ಕರೆದರೇನೋ ಎಂಬಂತೆ ತಿರುಗುತ್ತಾನೆ. ಮೊಣಕಾಲು ಊರಿ, ಪಕ್ಕಕ್ಕೆ ಹುಲ್ಲಿನ ಮೇಲೆ ಬೀಳುತ್ತಾನೆ. ಎಲ್ಲ ಸೇರಿ ಎರಡೂವರೆ ಸೆಕೆಂಡು. ಪೂಲಾ ಊರಿನ ಚಿತ್ರೋತ್ಸವದಲ್ಲಿ, ಹಳೆಯ ಕಲ್ಲಿನ ಬಯಲುರಂಗದಲ್ಲಿ ತೋರಿಸಿದಾಗ ಸಾವಿರಾರು ಜನ ಒಟ್ಟಿಗೆ "ಛೇ" ಎಂದರು. ವೈರಿ ಸತ್ತದ್ದಕ್ಕೆ ನಮ್ಮ ಜನ ಮರುಗಿದ್ದು ನಾನು ಕಂಡಂತೆ ಅದೇ ಮೊದಲು. ಆ ಹುಡುಗ ಯಾರು, ಎಲ್ಲಿಯವನು, ನಮಗೆ ಗೊತ್ತಿರಲಿಲ್ಲ. ಅಂಥವರು ಸಾವಿರ ಜನ ಬಂದು ಹೋಗಿದ್ದರು.

ಅರವತ್ತನಾಲ್ಕರ ಅಕ್ಟೋಬರಿನಲ್ಲಿ ಕಾವಲುಗಾರ ಫೋನು ಮಾಡಿದ. "ಕಾಮ್ರೇಡ್ ಲೆಪೊಸಾವಾ, ಯಾರೋ ಹಳ್ಳಿ ಹೆಂಗಸು ಬಂದಿದ್ದಾಳೆ. 'ಸಿನಿಮಾ ಕತ್ತರಿಸೋರು ಯಾರು, ಅವರನ್ನ ನೋಡಬೇಕು' ಅಂತಾಳೆ. ಹೋಗು ಅಂದ್ರೆ ಗೇಟಿನ ಹತ್ರ ಕೂತುಬಿಟ್ಟಿದ್ದಾಳೆ."

ಒಳಗೆ ಬಂದವಳ ಹೆಸರು ಸ್ತಾಮೆನಾ. ಜ್ಲಾತಾರ್ ಬೆಟ್ಟದ ಮೇಲಿನ ಯಾವುದೋ ಹಳ್ಳಿಯವಳು. ತಲೆಗೆ ಕರಿ ವಸ್ತ್ರ, ಕಂಕುಳಲ್ಲಿ ಒಂದು ಮರದ ಡಬ್ಬಿ ಕೆನೆ, ಒಂದು ಗಂಟು ಒಣಗಿದ ಪ್ಲಮ್ ಹಣ್ಣು. ಅವನ್ನು ಮೇಜಿನ ಮೇಲೆ ನಮ್ಮ ಅಂಟಿನ ಬಾಟಲಿಯ ಪಕ್ಕ ಇಟ್ಟಳು. ಲೆಪಾ ಕುರ್ಚಿ ಕೊಟ್ಟು, ಮನೆಗೆ ಬಂದವರಿಗೆ ಕೊಡುವ ನಮ್ಮ ವಾಡಿಕೆಯಂತೆ ಒಂದು ಚಮಚ ಹಣ್ಣಿನ ಪಾಕ, ಒಂದು ಲೋಟ ನೀರು ಕೊಟ್ಟಳು.

"ನಮ್ಮೂರ್ಗೆ ಸಿನ್ಮಾ ಗಾಡಿ ಬಂದಿತ್ತು ಕಣವ್ವ," ಎಂದಳು ಸ್ತಾಮೆನಾ. "ನೋಡ್ತಾ ಕೂತಿದ್ದೆ. ನನ್ ಮಗ ಬಂದ. ಹೊಗೆ ಒಳ್ಗಿಂದ ಬಂದ. ಹಿಂಗೆ ತಿರುಗ್ದ, ಬಿದ್ದ. ಅಷ್ಟೇಯ."

ಲೆಪಾ ತನ್ನ ಕುರ್ಚಿಯನ್ನು ಅವಳ ಹತ್ತಿರಕ್ಕೆ ಎಳೆದುಕೊಂಡಳು. "ನಿಮ್ಮ ಮಗ ಈಗ ಎಲ್ಲಿದ್ದಾನೆ ಅಮ್ಮಾ?"

"ಇಲ್ಲ. ಸಿನ್ಮಾ ತೆಗ್ದ ವರ್ಷಾನೇ ಚಳಿಗಾಲ್ದಾಗೆ ಹೋದ. ಬ್ಯಾರಕ್ಕಿನಾಗೆ ತಲೆಗೆ ಜ್ವರ ಏರ್ತಂತೆ. ಪೆಟ್ಟಿಗೆ ತಂದ್ರು, ಮೊಳೆ ಹೊಡ್ದಿದ್ರು. ತೆಗೀಬ್ಯಾಡ ಅಂದ್ರು. ನಾ ಏನೂ ನೋಡ್ಲಿಲ್ಲ." ನೀರು ಕುಡಿದು ಲೋಟ ಕೆಳಗಿಟ್ಟಳು. "ವಿದೋಯೆ ಅಂತ ಹೆಸ್ರು. ಅವ್ನು ಹೊಟ್ಟೆಯಿಂದ ಬಂದ ವರ್ಷಾನೇ ಅವರಪ್ಪನ್ನ ಜರ್ಮನ್ರು ಕೊಂದ್ರು. ನಮ್ಮೂರ ಮಿಲಿಂಕೋ ಇದ್ದಾನೆ ನೋಡು, ಅವ್ನ ನಾಲ್ಗೆಗೆ ಎಲುಬಿಲ್ಲ. ಅಪ್ಪ ಜರ್ಮನ್ರ ಕೈಲಿ ಸತ್ತ, ಮಗ ಜರ್ಮನ್ನಾಗಿ ಸತ್ತ ಅಂತ ಆಡ್ಕೊಂಡ. ಆಡ್ಕೊಳ್ಳಲಿ ಬಿಡು. ಬಟ್ಟೆ ಯಾವ್ದಾದ್ರೇನು, ಒಳ್ಗಿರೋನು ನನ್ನೋನು."

"ಆ ಭಾಗ ತೆಗೆಸಬೇಕು ಅಂತ ಬಂದ್ರಾ?" ಎಂದೆ ನಾನು.

"ಅಯ್ಯೋ, ತೆಗೆಯೋದ್ಯಾಕವ್ವ!" ಎಂದು ಅವಳು ಗಾಬರಿಯಾದಳು. "ಗಾಡಿ ಮುಂದ್ಲೂರ್ಗೆ ಹೋಯ್ತು, ನಾನೂ ಹಿಂದೇನೇ ಹೋದೆ. ಅದ್ರಾಚೆ ಊರ್ಗೂ ಹೋದೆ. ನಾಕ್ ಸಲ ನೋಡ್ದೆ. ನಾಕ್ ಸಲಾನೂ ಬಿದ್ದ. ಈ ಸಲಾನಾದ್ರೂ ಏಳ್ತಾನೇನೋ ಅಂತ ಕಾದೆ. ಏಳ್ಲಿಲ್ಲ. ಆದ್ರೆ ನಿಮ್ ಆಟ ಮುಗಿದ್ ಮ್ಯಾಕೆ ಎದ್ದೇ ಇರ್ತಾನಲ್ಲವ್ವ? ಆವಾಗ ಅವನೇನ್ ಸತ್ತಿರ್ಲಿಲ್ಲ. ನನ್ ಮಗ ಏಳೋದ ಒಂದ್ ಸಲ ತೋರ್ಸಿ. ನೋಡ್ಕೊಂಡು ಹೋಯ್ತೀನಿ."

ಇಂಥ ಸಮಯದಲ್ಲಿ ಸುಮ್ಮನಿರುವ ಬುದ್ಧಿ ನನಗೆ ಹುಟ್ಟಿನಿಂದಲೇ ಇಲ್ಲ. "ಅದಕ್ಕೇನಂತೆ, ಈಗ್ಲೇ ತೋರಿಸ್ತೀನಿ ಬನ್ನಿ," ಎಂದು ಏಳನೇ ರೀಲನ್ನು ಫಿಲ್ಮು ಓಡಿಸಿ ನೋಡುವ ಮೇಜಿಗೆ ಏರಿಸಿ, ಹುಡುಗ ಬಿದ್ದ ಜಾಗಕ್ಕೆ ತಂದು, ಕೈಹಿಡಿಯನ್ನು ಹಿಂದಕ್ಕೆ ತಿರುಗಿಸಿದೆ. ಪುಟ್ಟ ಪರದೆಯ ಮೇಲೆ ಹುಡುಗ ಹುಲ್ಲಿನಿಂದ ಎದ್ದ, ಮೊಣಕಾಲು ಬಿಡಿಸಿ ನಿಂತ, ಹಿಂದೆ ಹಿಂದೆ ನಡೆದು ಹೊಗೆಯೊಳಗೆ ಹೋದ. ಭಲೇ ಕೆಲಸ ಮಾಡಿದೆ ಎಂದು ತಿರುಗಿ ನೋಡಿದೆ.

ಸ್ತಾಮೆನಾ ಪರದೆಯನ್ನಲ್ಲ, ನನ್ನ ಕೈಯನ್ನು ನೋಡುತ್ತಿದ್ದಳು. "ಇದು ಅವ್ನು ಏಳೋದಲ್ಲ ಮಗಳೇ," ಎಂದಳು. "ನೀನು ಅವನ್ನ ಎಳೀತಿದೀಯ. ನನ್ ಮಗ ಏಳೋವಾಗ ಮೊದ್ಲು ಅಂಗೈ ನೆಲಕ್ಕೆ ಊರ್ತಾನೆ. ಸಣ್ಣೋನಿದ್ದಾಗ್ಲಿಂದ."

ಭೂಮಿ ಬಾಯಿ ಬಿಟ್ಟು ನನ್ನನ್ನು ನುಂಗಬಾರದೇ ಅನ್ನಿಸಿತು. ಲೆಪಾ ನನ್ನನ್ನು ಬೈಯಲಿಲ್ಲ. "ಝಾಗಾ, ಎದ್ದೇಳು ಅಲ್ಲಿಂದ," ಎಂದು ತಾನು ಕೂತು, ಆ ಸಾವಿನ ಕೊನೆಯ ಚೌಕವನ್ನು ನಿಲ್ಲಿಸಿ ತುಂಬ ಹೊತ್ತು ನೋಡಿದಳು. ಅಂಗಿಯ ಎರಡನೇ ಗುಂಡಿ ನೋಡುತ್ತಿದ್ದಾಳೆಂದು ನನಗೆ ಗೊತ್ತಿತ್ತು. ಈ ಚೌಕದ ಮುಂದಿನದನ್ನು ತೆಗೆದುಹಾಕಿದವಳು ಅವಳೇ.

"ಏಳನೇ ರೀಲಿನ ಉಳಿಕೆ ತುಂಡುಗಳು ಎಲ್ಲಿ?" ಎಂದಳು.

ನಾನು ಅಂಟಿನ ಬಾಟಲಿಯ ಮುಚ್ಚಳ ತಿರುವುತ್ತ ನಿಂತೆ.

"ಝಾಗಾ."

"ಬೆಳ್ಳಿ ಶೆಡ್ಡಿಗೆ ಹೋದ್ವು ಕಣೇ. ಸೋಮವಾರ."

ಕಪ್ಪುಬಿಳುಪು ಫಿಲ್ಮಿನ ಲೇಪದಲ್ಲಿ ಬೆಳ್ಳಿ ಇರುತ್ತದೆ. ಮುಗಿದ ಸಿನಿಮಾಗಳ ಉಳಿಕೆಗಳನ್ನು, ನೆಗೆಟಿವ್ ಸಹಿತ, ಬಿಸಿ ತೊಟ್ಟಿಯಲ್ಲಿ ತೊಳೆದು ಬೆಳ್ಳಿ ತೆಗೆಯಬೇಕೆಂದು ನಮ್ಮ ಕಾರ್ಮಿಕರ ಸಭೆ ತೀರ್ಮಾನ ಮಾಡಿತ್ತು. ಅದರಿಂದ ಬಂದದ್ದರಲ್ಲಿ ಕಡಲ ದಂಡೆಯ ನಮ್ಮ ವಿಶ್ರಾಂತಿ ಮನೆಗೆ ಹೊಸ ಮಂಚಗಳು. ಸಭೆಯಲ್ಲಿ ಮೊದಲು ಕೈಯೆತ್ತಿದವಳು ನಾನು. ಹಳೆಯ ಮಂಚದಲ್ಲಿ ಮಲಗಿ ಬೆನ್ನು ನೋಯಿಸಿಕೊಂಡು ಬಂದಿದ್ದೆ, ಎತ್ತದೆ ಏನು ಮಾಡಲಿ? ಕೈಯೆತ್ತದೆ ಕೂತಿದ್ದವಳು ಲೆಪಾ ಒಬ್ಬಳೇ. ಆವತ್ತು ಅವಳನ್ನು ಜಿಪುಣಿ ಎಂದು ಎಲ್ಲರೂ ನಕ್ಕಿದ್ದೆವು.

ಮೂವರೂ ಶೆಡ್ಡಿಗೆ ಓಡಿದೆವು. ಅಲ್ಲಿದ್ದವನು ಫೆರೆಂತ್ಸ್, ಒಂದು ಕಿವಿ ಮಂದವಾದ ಹಂಗೇರಿ ಮೂಲದ ಮುದುಕ. ಹತ್ತೊಂಬತ್ತು ಚೀಲ ಬಂದಿದ್ದವು, ಹನ್ನೊಂದನ್ನು ತೊಳೆದಾಗಿತ್ತು. ತೊಳೆದ ಫಿಲ್ಮು ಗಾಜಿನಷ್ಟು ಖಾಲಿಯಾಗಿ ಹಗ್ಗದ ಮೇಲೆ ಒಣಗುತ್ತಿತ್ತು. ಸ್ತಾಮೆನಾ ಅದನ್ನು ಮುಟ್ಟಿ, ಬೆಳಕಿಗೆ ಹಿಡಿದು, ಕೈಬಿಟ್ಟಳು.

"ಹನ್ನೆರಡನೆಯದು ಈಗ ತೊಟ್ಟಿಗೆ ಹಾಕ್ತಿದ್ದೆ," ಎಂದ ಫೆರೆಂತ್ಸ್.

"ಹಾಕಿ ನೋಡು, ನಿನ್ನನ್ನೂ ಅದರ ಜೊತೆ ಹಾಕ್ತೀನಿ!" ಎಂದು ನಾನು ಅವನ ಒಳ್ಳೆಯ ಕಿವಿಗೇ ಕೂಗಿದೆ.

ಎಂಟು ಚೀಲ. ಗೋಣಿಯಲ್ಲಿ ಹಾವು ತುಂಬಿದ ಹಾಗೆ ಫಿಲ್ಮು. ಗೇಣುದ್ದದ ತುಂಡು, ಮಾರುದ್ದದ ತುಂಡು, ನಾಲ್ಕು ಚೌಕದ ಚೂರು, ಎಲ್ಲ ಒಂದಕ್ಕೊಂದು ಸುತ್ತಿಕೊಂಡು. ಆ ಹುಡುಗನ ಉಳಿಕೆ ತೊಳೆದ ಹನ್ನೊಂದರಲ್ಲೇ ಹೋಗಿರಬಹುದಿತ್ತು. ನಾನು ಅದನ್ನೇ ಹೇಳಿದೆ. "ಇದರಲ್ಲಿದ್ರೆ ಸಿಗುತ್ತೆ," ಎಂದಳು ಲೆಪಾ, ಬಿಳಿ ಕೈಗವಸು ಹಾಕಿಕೊಳ್ಳುತ್ತ. ಅವಳು ಆಗ ಹಿಡಿದಿದ್ದ ಸಿನಿಮಾದ ಕೆಲಸ ನಿಂತಿತು. ಗ್ರಾದಿಮಿರ್ ಬಂದು ಬಾಗಿಲಲ್ಲಿ ನಿಂತು ಗಂಟಲು ಏರಿಸಲು ಬಾಯಿ ತೆರೆದ, ಅವಳ ಮುಖ ನೋಡಿ ಬಾಯಿ ಮುಚ್ಚಿ ಹೋದ.

ನಾಲ್ಕು ದಿನ. ಸ್ತಾಮೆನಾ ಲೆಪಾಳ ಮನೆಯಲ್ಲೇ ಉಳಿದಳು, ಬೆಳಿಗ್ಗೆ ಅವಳ ಜೊತೆಯಲ್ಲೇ ಟ್ರಾಮಿನಲ್ಲಿ ಬಂದು ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತು ಸಿಕ್ಕು ಬಿಡಿಸುತ್ತಿದ್ದಳು. ಜನ್ಮವೆಲ್ಲ ಉಣ್ಣೆಯ ಸಿಕ್ಕು ಬಿಡಿಸಿದ ಬೆರಳುಗಳು. ನಾನು ಒಂದು ಗಂಟಿಗೆ ಶಾಪ ಹಾಕಿ ಮುಗಿಸುವುದರೊಳಗೆ ಅವಳು ಹತ್ತು ಬಿಡಿಸಿ ಸಾಲಾಗಿ ಹಾಸಿರುತ್ತಿದ್ದಳು. ಒಂದು ಚೌಕ ಎಂದರೆ ಅಂಚೆಚೀಟಿಯಷ್ಟು. ಅದರೊಳಗೆ ಹೊಗೆ, ಹುಲ್ಲು, ನೂರು ಜನ. ಮುಖ ಎಂದರೆ ಸಾಸಿವೆ ಕಾಳು. ಲೆಪಾ ಒಂದೊಂದು ತುಂಡನ್ನೂ ಕಿಟಕಿಗೆ ಹಿಡಿಯುವಳು, ಮೊದಲ ಚೌಕ ನೋಡುವಳು, ಕೆಳಗಿಡುವಳು. ಮೊದಲ ಚೌಕ ಮಾತ್ರ. ಕತ್ತರಿಸಿದ ಜಾಗದ ಆಚೆ ಏನಿತ್ತು ಎಂಬುದು ಅವಳ ತಲೆಯಲ್ಲಿತ್ತು. ಒಂದು ವರ್ಷದ ಹಿಂದೆ ಬಿಸಾಡಿದ ಒಂದು ಚೌಕ! ನಾನು ನಿನ್ನೆ ಊಟಕ್ಕೆ ಏನು ತಿಂದೆನೆಂದು ಕೇಳಿದರೆ ನನಗೆ ಹೇಳಲಾಗುವುದಿಲ್ಲ.

ಮೂರನೆಯ ದಿನ ಮಧ್ಯಾಹ್ನ ಒಂದು ಉದ್ದ ತುಂಡು ಸಿಕ್ಕಿತು. ಇನ್ನೊಬ್ಬ ಹುಡುಗ, ಬೆನ್ನು ಈ ಕಡೆ, ಅದೇ ಸಮವಸ್ತ್ರ, ಅದೇ ಮೈಕಟ್ಟು. ಬಿದ್ದವನು ಎದ್ದು ಮಣ್ಣು ಕೊಡವಿಕೊಳ್ಳುತ್ತಾನೆ. ಸ್ತಾಮೆನಾ ನೀರು ತರಲು ಹೊರಗೆ ಹೋಗಿದ್ದಳು. ನಾನು ಲೆಪಾಳ ಕಿವಿಯಲ್ಲಿ ಹೇಳಿದೆ: "ಇದನ್ನೇ ಅಂಟಿಸೇ. ವಿದೋಯೆ ಬೀಳ್ತಾನೆ, ಇವನು ಏಳ್ತಾನೆ. ಮುಖ ಕಾಣಲ್ಲ. ನಿನ್ನ ಕೈಯಲ್ಲಿ ಆದ್ರೆ ದೇವರಿಗೂ ಗೊತ್ತಾಗಲ್ಲ."

"ಗೊತ್ತಾಗಲ್ಲ," ಎಂದು ಅವಳು ಒಪ್ಪಿದಳು. ಅದು ನಿಜವೂ ಆಗಿತ್ತು. "ದೇಶಕ್ಕೆಲ್ಲ ಇದನ್ನೇ ಮಾಡ್ತೀನಿ ಝಾಗಾ, ಅದಕ್ಕೇ ಸಂಬಳ ಕೊಡ್ತಾರೆ. ಇವಳಿಗೆ ಮಾಡಿದ್ರೆ ಅವಳ ಮಗನ್ನ ಇನ್ನೊಂದು ಸಲ ಪೆಟ್ಟಿಗೇಲಿ ಹಾಕಿ ಮೊಳೆ ಹೊಡೆದ ಹಾಗೆ." ತುಂಡನ್ನು ಸುತ್ತಿ ಪಕ್ಕಕ್ಕಿಟ್ಟಳು. ನನಗೆ ನಾಚಿಕೆಯಾಯಿತು, ಆದರೂ ಬಾಯಿಯಲ್ಲಿ ಏನೋ ಗೊಣಗಿದೆ.

ನಾಲ್ಕನೆಯ ದಿನ ಏಳನೇ ಚೀಲದ ತಳದಲ್ಲಿ ಅವಳ ಕೈ ನಿಂತಿತು. ಒಂದು ಮೊಳಕ್ಕಿಂತ ಚೂರು ಉದ್ದದ ತುಂಡು. ಕಿಟಕಿಗೆ ಹಿಡಿದಳು. ಕೆಳಗಿಡಲಿಲ್ಲ. ಏಳನೇ ರೀಲಿನ ಸಾವಿನ ಕೊನೆಯ ಚೌಕದ ಪಕ್ಕ ಇದರ ಮೊದಲ ಚೌಕವನ್ನಿಟ್ಟಳು. ಒಂದು ಹುಲ್ಲಿನ ಎಸಳು ಎರಡರಲ್ಲೂ ಒಂದೇ ಕಡೆ ಬಾಗಿತ್ತು.

"ಇವನೇ," ಎಂದಳು.

ನಾನು ಎಣಿಸಿದೆ. ಮೂವತ್ತೊಂದು ಚೌಕ. ಮತ್ತೆ ಎಣಿಸಿದೆ, ಮೂವತ್ತೊಂದೇ. ಆಮೇಲೆ ಬರಿಯ ಬಿಳಿ, ಕ್ಯಾಮೆರಾ ನಿಂತ ಗುರುತು. ಫಿಲ್ಮು ಹೊರದೇಶದಿಂದ ಬರಬೇಕು, ದುಬಾರಿ. "ನಿಲ್ಲಿಸು" ಎಂದ ಕೂಡಲೆ ನಿಲ್ಲಿಸುವವನೇ ನಮ್ಮಲ್ಲಿ ಒಳ್ಳೆಯ ಛಾಯಾಗ್ರಾಹಕ. ಹುಡುಗ ಎದ್ದದ್ದನ್ನು ಯಾರೂ ತೆಗೆದಿರಲಿಲ್ಲ. ಜಗತ್ತಿನಲ್ಲಿ ಎಲ್ಲೂ ಅದು ಇರಲಿಲ್ಲ. ನನಗೆ ಅಳು ಬಂತು, ಸಿಟ್ಟೂ ಬಂತು. ಬೆಟ್ಟ ಅಗೆದು ಇಲಿ ಹಿಡಿದ ಹಾಗಾಯಿತು ಎಂದು ಮೇಜಿಗೆ ಗುದ್ದಿದೆ.

ಲೆಪಾ ಸ್ತಾಮೆನಾಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಇದ್ದದ್ದನ್ನು ಇದ್ದ ಹಾಗೆ ಹೇಳಿದಳು. "ಏಳೋದು ಇದರಲ್ಲಿ ಇಲ್ಲ ಅಮ್ಮಾ. ಒಂದೂಕಾಲು ಸೆಕೆಂಡು ಇದೆ. ಇದನ್ನ ಕತ್ತರಿಸಿ ಎಸೆದೋಳು ನಾನೇ." ಕೈಹಿಡಿ ತಿರುಗಿಸಿದಳು, ಈ ಸಲ ಮುಂದಕ್ಕೆ.

ಹುಡುಗ ಹುಲ್ಲಿನ ಮೇಲೆ ಬಿದ್ದಿದ್ದಾನೆ. ಗುಂಡಿ ಮೇಲೆ ಬಂತು. ಎದೆ ತುಂಬ ಉಸಿರು ಎಳೆದುಕೊಂಡ, ತುಟಿ ಬಿಚ್ಚಿತು. ಕೊನೆಯ ಐದಾರು ಚೌಕದಲ್ಲಿ, ಪಕ್ಕದಲ್ಲಿ ಸಡಿಲವಾಗಿ ಬಿದ್ದಿದ್ದ ಅವನ ಬಲಗೈ ಮಗುಚಿಕೊಂಡಿತು, ಅಂಗೈ ಹುಲ್ಲಿಗೆ ಊರಿತು. ಬಿಳಿ.

ಸ್ತಾಮೆನಾ ಪರದೆಯ ಹತ್ತಿರಕ್ಕೆ ಬಾಗಿದಳು. ಬೆರಳಿನಿಂದ ಸನ್ನೆ ಮಾಡಿದಳು, ಇನ್ನೊಂದು ಸಲ. ಲೆಪಾ ತೋರಿಸಿದಳು. ಇನ್ನೊಂದು ಸಲ. ಒಂಬತ್ತು ಸಲ ಆದ ಮೇಲೆ ಮುದುಕಿ ತನ್ನ ಅಂಗೈಯನ್ನು ನಮ್ಮ ಮೇಜಿನ ಮೇಲೆ ಊರಿ ತೋರಿಸಿದಳು. "ಹಿಂಗೇಯ," ಎಂದಳು. "ಹಿಂಗೇ ಏಳ್ತಿದ್ದ. ಸಾಕು ಕಣವ್ವ, ಸಾಕು. ನಾ ಕೇಳಿದ್ದು ಕೊಟ್ಟೆ."

"ಸಾಕಾಗಲ್ಲ," ಎಂದಳು ಲೆಪಾ.

ಆ ಬೆಟ್ಟದ ಊರುಗಳಿಗೆ ತಿರುಗುತ್ತಿದ್ದ ಗಾಡಿಯ ಪ್ರತಿಯನ್ನು ರಿಪೇರಿಯ ನೆಪ ಹೇಳಿ ತರಿಸಿದಳು. ಸಾವಿನ ಕೊನೆಯ ಚೌಕದ ಮುಂದೆ ಕತ್ತರಿ ಹಾಕಿದಳು. ಮೂವತ್ತೊಂದು ಚೌಕದ ತುದಿಯನ್ನು ತುಟಿಗೆ ತಾಗಿಸಿ, ಕೆರೆದು, ಅಂಟು ಹಚ್ಚಿ, ಅವನ ಉಸಿರನ್ನು ಅವನಿಗೆ ಹಿಂದಕ್ಕೆ ಸೇರಿಸಿದಳು. ಆ ತುಂಡಿಗೆ ಶಬ್ದದ ಪಟ್ಟಿ ಇರಲಿಲ್ಲ. ಗೊರಗೊರ ಅನ್ನಬಾರದೆಂದು ಅಂಚಿಗೆ ನಾನು ಕರಿ ಶಾಯಿ ಬಳಿದೆ. ಅಂದರೆ ಅಷ್ಟು ಹೊತ್ತು ಇಡೀ ಯುದ್ಧ ಮೌನವಾಗಬೇಕು. "ನಿನ್ನ ಹೆಸರು ಕೆಡುತ್ತೆ ಕಣೇ," ಎಂದೆ. "ಸತ್ತ ಜರ್ಮನ್ ಉಸಿರಾಡೋದನ್ನ ನೋಡಿ ಜನ ನಗ್ತಾರೆ." ಅವಳು ಜೋಡಣೆಯ ಮೇಲೆ ಹೆಬ್ಬೆರಳು ಒತ್ತಿ ಹಿಡಿದು ಒಣಗುವುದನ್ನು ಕಾಯುತ್ತಿದ್ದಳು.

ಸ್ತಾಮೆನಾಳ ಊರಿನಲ್ಲಿ ಈ ಪ್ರತಿ ತೋರಿಸಿದ ಭಾನುವಾರ ಆದದ್ದನ್ನು ಹೇಳಿದ ಮೇಲೆ ನನ್ನಿಂದ ಬೇರೇನೂ ಹೇಳಲಾಗುವುದಿಲ್ಲ, ಅದಕ್ಕೇ ಅವಳ ಉಳಿದ ಬಾಳನ್ನು ಇಲ್ಲೇ ಹೇಳಿಬಿಡುತ್ತೇನೆ. ಇನ್ನೂ ಹದಿನೈದು ವರ್ಷ ಕೆಲಸ ಮಾಡಿದಳು. ಒಟ್ಟು ಅರವತ್ತೆರಡು ಸಿನಿಮಾ, ಲೆಕ್ಕವಿಲ್ಲದಷ್ಟು ವಾರ್ತಾಚಿತ್ರ. ಮದುವೆಯಾಗಲಿಲ್ಲ, ಯಾಕೆ ಎಂದು ಕೇಳಿದವರಿಗೆ "ಜೋಡಣೆ ನೋಡಿ ನೋಡಿ ಸಾಕಾಯ್ತು" ಎನ್ನುತ್ತಿದ್ದಳು. ಆ ಬೆಟ್ಟದ ಕಡೆಯ ಒಬ್ಬ ಮೇಷ್ಟರು ಗ್ರಾದಿಮಿರನಿಗೆ ಕಾಗದ ಬರೆದು, ನಿಮ್ಮ ಚಿತ್ರದಲ್ಲಿ ಹೆಣ ಉಸಿರಾಡುತ್ತದೆ ಎಂದು ಛೇಡಿಸಿದರು. ಅವನು ಕಾಗದ ಬೀಸುತ್ತ ಬಂದು ಕೂಗಾಡಿದ. "ಯಾರ ತಪ್ಪು ಇದು?" "ನಂದೇ," ಎಂದು ಲೆಪಾ ಅವನನ್ನು ಕೂರಿಸಿ ಎಲ್ಲ ಹೇಳಿದಳು. ಅವನು ಕಾಗದವನ್ನು ನಾಲ್ಕಾಗಿ ಮಡಚಿ ಜೇಬಿಗಿಟ್ಟುಕೊಂಡ.

ಅದರ ಮುಂದಿನ ಕಾರ್ಮಿಕರ ಸಭೆಯಲ್ಲಿ ಲೆಪಾ ಎದ್ದು ನಿಂತಳು. ಹದಿನೆಂಟು ವರ್ಷದಲ್ಲಿ ಅವಳು ಸಭೆಯಲ್ಲಿ ಬಾಯಿ ತೆರೆದದ್ದು ಅದೇ ಮೊದಲು. ಸೈನ್ಯದ ಹುಡುಗರು ಸಾಯುವ ದೃಶ್ಯಗಳಲ್ಲಿ "ನಿಲ್ಲಿಸು" ಎಂದ ಮೇಲೆ ಹತ್ತು ಎಣಿಸಿ ಕ್ಯಾಮೆರಾ ನಿಲ್ಲಿಸಬೇಕು, ಅವರೆಲ್ಲ ಎದ್ದ ಮೇಲೆ ನಿಲ್ಲಿಸಬೇಕು, ಆ ತುಂಡುಗಳು ಬೆಳ್ಳಿ ತೊಟ್ಟಿಗೆ ಹೋಗಬಾರದು ಎಂದಳು. ದುಬಾರಿ ಫಿಲ್ಮನ್ನು ಹೀಗೆ ಚೆಲ್ಲುವುದೇ ಎಂದು ಗುಸುಗುಸು ಎದ್ದಿತು. ಮೊದಲು ಕೈಯೆತ್ತಿದವಳು ನಾನು. ಎತ್ತದವರ ಕಡೆ ತಿರುಗಿ ಒಂದು ಸಲ ಕೆಕ್ಕರಿಸಿದೆ, ಎತ್ತಿದರು. ಕಡಲ ದಂಡೆಯಲ್ಲಿ ಇನ್ನೂ ಆರು ವರ್ಷ ಹಳೆಯ ಮಂಚದ ಮೇಲೆಯೇ ಮಲಗಿದೆವು, ಬೆನ್ನು ನೋಯಿತು, ನಾನು ಯಾರಿಗೂ ದೂರಲಿಲ್ಲ. ಈಗಲೂ ಒಂದು ಕೋಣೆಯ ತುಂಬ ಆ ಡಬ್ಬಗಳಿವೆ. ಸಾವಿರಾರು ಹುಡುಗರು ಬೀಳುತ್ತಾರೆ, ಏಳುತ್ತಾರೆ, ಟೋಪಿ ಹುಡುಕುತ್ತಾರೆ, ನಗುತ್ತಾರೆ. ಒಮ್ಮೆ ನಾನೊಬ್ಬಳೇ ಕೂತು ನೋಡಿದೆ. ಅಷ್ಟು ಜನ ಒಟ್ಟಿಗೆ ಸಾವಿನಿಂದ ಏಳುವುದನ್ನು ಯಾವ ಪಾದ್ರಿಯೂ ನೋಡಿರಲಾರ. ಮೈ ಜುಮ್ಮೆಂದು ದೀಪ ಹಾಕಿಬಿಟ್ಟೆ.

ಇನ್ನು ಆ ಭಾನುವಾರ. ಸ್ತಾಮೆನಾಳ ಊರಿನ ಸಹಕಾರ ಸಂಘದ ಮನೆ, ಮಧ್ಯಾಹ್ನ ಮೂರು ಗಂಟೆ. ಕಿಟಕಿಗಳಿಗೆ ಕುದುರೆಯ ಕಂಬಳಿ ಹೊದಿಸಿದ್ದರು. ಇಡೀ ಊರು ಬಂದಿತ್ತು, ಬೆಂಚು ಸಾಲದೆ ಮಕ್ಕಳು ನೆಲದ ಮೇಲೆ. ಮುಂದಿನ ಸಾಲಿನಲ್ಲಿ ಸ್ತಾಮೆನಾ, ಅವಳ ಬಲಕ್ಕೆ ಲೆಪಾ, ಪಕ್ಕದಲ್ಲಿ ನಾನು. ನಮ್ಮ ಹಿಂದೆ ಎಲುಬಿಲ್ಲದ ನಾಲಿಗೆಯ ಮಿಲಿಂಕೋ.

"ಬಂತು ನೋಡ್ರಪ್ಪ, ನಮ್ಮೂರ ಜರ್ಮನ್ ಈಗ ಬರ್ತಾನೆ," ಎಂದ ಅವನು ಏಳನೇ ರೀಲು ಶುರುವಾದ ಕೂಡಲೆ. ಯಾರೋ ಕಿಸಕ್ಕೆಂದರು. ನಾನು ತಿರುಗಿ ಅವನಿಗೆ ಎರಡು ಬಿಡುವವಳಿದ್ದೆ, ಲೆಪಾ ನನ್ನ ಮೊಣಕೈ ಹಿಡಿದಳು.

ಫಿರಂಗಿಗಳ ಸದ್ದಿಗೆ ಕಿಟಕಿಯ ಗಾಜು ನಡುಗುತ್ತಿತ್ತು. ವಿದೋಯೆ ಹೊಗೆಯೊಳಗಿಂದ ಬಂದ. ತಿರುಗಿದ. ಮೊಣಕಾಲು ಊರಿದ, ಬಿದ್ದ. ಕರಿ ಶಾಯಿಯನ್ನು ನಾನು ಜೋಡಣೆಗಿಂತ ಎರಡು ಮೊಳ ಹಿಂದಿನಿಂದಲೇ ಬಳಿದಿದ್ದೆ, ಆದ್ದರಿಂದ ಮೊದಲು ಬಂದದ್ದು ಮೌನ. ಫಿರಂಗಿ ನಿಂತಿತು, ಬಂದೂಕು ನಿಂತಿತು. ಇಡೀ ಮನೆಯಲ್ಲಿ ಒಂದು ಸೊಲ್ಲಿಲ್ಲ.

ಆ ಮೌನದಲ್ಲಿ ಸ್ತಾಮೆನಾ ಮಾತಾಡಿದಳು. ಅಳಲಿಲ್ಲ, ಕೂಗಲಿಲ್ಲ. ಹಾಲು ಕರೆದು ಬಂದ ತಾಯಿ ಇನ್ನೂ ಹಾಸಿಗೆಯಲ್ಲಿರುವ ಮಗನಿಗೆ ಹೇಳುವ ಹಾಗೆ, ಸ್ವಲ್ಪ ಸಿಡುಕಿನಿಂದಲೇ ಹೇಳಿದಳು.

"ಏಳು ವಿದೋಯೆ, ಹೊತ್ತಾಯ್ತು."

ಅವನ ಎದೆ ತುಂಬಿತು, ತುಟಿ ಬಿಚ್ಚಿತು. ಊರಿನವರೆಲ್ಲ ನೋಡುತ್ತಿದ್ದ ಹಾಗೇ ಅವನು ಅಂಗೈಯನ್ನು ಹುಲ್ಲಿಗೆ ಊರಿದ.